ಒದ್ದೆ ಟವೆಲ್ಲಿನ ಬಣ್ಣ

ಟವೆಲ್ಲಿನ ಬಣ್ಣವನ್ನು ಕಂಪ್ಯೂಟರಿನಲ್ಲಿ ಬದಲಿಸುವುದು ಸುಲಭ ಎಂದು ಯಾರಾದರೂ ಹೇಳಿದರೆ ನಂಬಬಾರದು. ನುಣುಪಾದ ಹಸಿರು ಬಟ್ಟೆಯಾದರೆ ಆ ಹಸಿರನ್ನಷ್ಟೇ ಆರಿಸಿ ಬೇಕಾದ ಬಣ್ಣಕ್ಕೆ ತಿರುಗಿಸಬಹುದು. ಟವೆಲ್ಲಿನ ಮೈತುಂಬ ನೂಲಿನ ಸಣ್ಣ ಕುಣಿಕೆಗಳಿರುತ್ತವೆ, ಪ್ರತಿಯೊಂದು ಕುಣಿಕೆಗೂ ಅದರದೇ ನೆರಳು. ಹಿಡಿದವರ ಕೈ ಸ್ವಲ್ಪ ಅಲುಗಿದರೂ ಅಂಚು ಮಿನುಗುತ್ತದೆ, ಹಸಿರು ಗದ್ದದ ಮೇಲೆ ಹರಿಯುತ್ತದೆ. ಅದನ್ನು ಫ್ರೇಮಿನಿಂದ ಫ್ರೇಮಿಗೆ ಕೈಯಿಂದಲೇ ತಿದ್ದಬೇಕು. ಕಳೆದ ಬೇಸಿಗೆಯಲ್ಲಿ ನಾನು ಆರು ಜನರ ಕೈಯಲ್ಲಿದ್ದ ಒಂದೇ ಹಸಿರು ಟವೆಲ್ಲಿಗೆ ಬೇರೆ ಬೇರೆ ಬಣ್ಣ ಹಚ್ಚುತ್ತ ಕುಳಿತಿದ್ದೆ. ಆ ಆರೂ ಜನ ಹೇಳುತ್ತಿದ್ದುದು ನನ್ನ ಅಣ್ಣ ಸತ್ತ ಕಥೆ.

ನನ್ನದು ಸೊಲ್ಲಾಪುರದಲ್ಲಿ ಮದುವೆ ವಿಡಿಯೋಗಳನ್ನು ಎಡಿಟ್ ಮಾಡುವ ಕೆಲಸ. ಹಿಟ್ಟಿನ ಗಿರಣಿಯೊಂದರ ಮೇಲೆ ಸಣ್ಣ ಕೋಣೆ ಇದೆ. ಅಣ್ಣ ಊರ ಹೊರಗಿನ ಕೈಗಾರಿಕಾ ಪ್ರದೇಶ ಚಿಂಚೋಳಿ ಎಂಐಡಿಸಿಯ ಒಂದು ಟವೆಲ್ ಕಂಪನಿಯ ಗೋದಾಮಿನಲ್ಲಿ ಸೂಪರ್‌ವೈಸರ್ ಆಗಿದ್ದ. ಒಂದು ಮಧ್ಯಾಹ್ನ, ಊಟದ ಹೊತ್ತಿನಲ್ಲಿ, ಗೋದಾಮಿಗೆ ಬೆಂಕಿ ಬಿತ್ತು. ಒಳಗಿದ್ದ ಕೆಲಸದವರೆಲ್ಲ ಹೊರಗೆ ಬಂದರು. ಅಣ್ಣನೂ ಹೊರಗೆ ಬಂದ, ಗೇಟಿನ ಹತ್ತಿರದ ನಲ್ಲಿಯಲ್ಲಿ ನೀರು ಕುಡಿದ, ಒದ್ದೆ ಟವೆಲ್ಲನ್ನು ತಲೆಗೆ ಸುತ್ತಿಕೊಂಡು, ಯಾರಾದರೂ ಉಳಿದಿದ್ದಾರೇನೋ ಎಂದು ಮತ್ತೆ ಒಳಗೆ ಹೋದ, ತಿರುಗಿ ಬರಲಿಲ್ಲ. ಎಲ್ಲರ ಬಾಯಲ್ಲೂ ಇದ್ದ ಕಥೆ ಇದು.

ನಮ್ಮೂರು ವಾಗದರಿಯ ಬಸ್ ನಿಲ್ದಾಣದಲ್ಲಿ ಕಂಪನಿಯವರು ದೊಡ್ಡ ಫ್ಲೆಕ್ಸ್ ಹಾಕಿಸಿದರು. ಮರಾಠಿಯಲ್ಲಿ 'ಶೂರ' ಎಂದು ಬರೆಸಿದ್ದರು. ಅಣ್ಣನ ಮುಖವನ್ನು ಯಾವುದೋ ಕೋಟು ತೊಟ್ಟ ಮೈಗೆ ಅಂಟಿಸಿದ್ದರು. ಅಣ್ಣ ಜೀವಮಾನದಲ್ಲಿ ಕೋಟು ತೊಟ್ಟವನಲ್ಲ. ಕುತ್ತಿಗೆ ಸೇರಿದ ಜಾಗದಲ್ಲಿ ಬಣ್ಣ ಹೊಂದಿರಲಿಲ್ಲ. ಆ ಗೆರೆ ನನಗೆ ಬಸ್ಸಿನೊಳಗಿನಿಂದಲೇ ಕಂಡಿತು. ಅಂದಿನಿಂದ ನನಗೆ ಆ ಕಥೆಯ ಮೇಲೂ ಅನುಮಾನ. ಆದರೆ ಅನುಮಾನವನ್ನು ಮನೆಯಲ್ಲಿ ಆಡುವ ಹಾಗಿರಲಿಲ್ಲ.

ನಿರ್ದೇಶಕಿ ನನ್ನ ಕೋಣೆಗೆ ಬಂದದ್ದು ಅಣ್ಣ ತೀರಿದ ಕೆಲವು ತಿಂಗಳಿಗೆ. ಸೊಲ್ಲಾಪುರದ ಬಟ್ಟೆ ವ್ಯಾಪಾರಿಗಳ ಮನೆಯ ಹುಡುಗಿ. ಪುಣೆಯಲ್ಲಿ ಸಿನಿಮಾ ಕಲಿತು ಬಂದಿದ್ದಳು. ಮನೆಯ ಮಾತು ಕನ್ನಡ, ಓದು ಬರಹ ಮರಾಠಿ. ಶೂರತನವೆಂದರೆ ಏನು ಎಂಬುದರ ಮೇಲೆ ಪ್ರಾಯೋಗಿಕ ಕಿರುಚಿತ್ರ ಮಾಡುತ್ತೇನೆ ಎಂದಳು.

"ನಿಮ್ಮ ಅಣ್ಣನ ಮ್ಯಾಲ ಪಿಚ್ಚರ್ ಅಲ್ಲ ದಾದಾ. ನಿಮ್ಮ ಅಣ್ಣನ ಬಗ್ಗೆ ಮಂದಿ ಏನ ಮಾತಾಡ್ತಾರ, ಅದರ ಮ್ಯಾಲ."

"ಎರಡಕ್ಕ ಏನ ಫರಕ್ ಐತ್ರಿ?"

"ಅದನ್ನ ನೋಡೂಣಂತನ ಬಂದೀನಿ."

"ಎಡಿಟಿಂಗ್ ಮಾಡಾಕ ಪುಣೆದಾಗ ಮಂದಿ ಇಲ್ಲೇನ್ರಿ?"

"ಅದಾರ. ಅವರಿಗೆ ಕನ್ನಡ ತಿಳಿಯೂದಿಲ್ಲ. ಎಲ್ಲಿ ಕತ್ತರಿ ಹಾಕಬೇಕು ಅನ್ನೂದ ಹೆಂಗ ಗೊತ್ತಾಗಬೇಕು ಅವರಿಗೆ?"

ಉತ್ತರ ಸರಿಯಾಗಿತ್ತು. ಆದರೂ ನನಗೆ ಸಮಾಧಾನವಾಗಲಿಲ್ಲ. ಅವಳ ತಂದೆಯ ಅಂಗಡಿಯಲ್ಲಿ ಅದೇ ಕಂಪನಿಯ ಟವೆಲ್ಲುಗಳು ಮಾರಾಟವಾಗುತ್ತಿದ್ದವು. ಗೋದಾಮಿನೊಳಗೆ ಚಿತ್ರೀಕರಣಕ್ಕೆ ಕಂಪನಿ ಕೇಳಿದ ಕೂಡಲೇ ಒಪ್ಪಿಗೆ ಕೊಟ್ಟಿತ್ತು. ಕಾರ್ಖಾನೆ ತಪಾಸಣೆ ಕಚೇರಿಯ ವಿಚಾರಣೆ ಇನ್ನೂ ನಡೆದಿರುವಾಗ ಇಷ್ಟು ಧಾರಾಳ ಯಾಕೆ? ಸಿನಿಮಾದ ಕೊನೆಯಲ್ಲಿ 'ಎಡಿಟಿಂಗ್' ಎಂದು ನನ್ನ ಹೆಸರು ಬಂದರೆ, ಸತ್ತವನ ತಮ್ಮನೇ ಒಪ್ಪಿದ ಕಥೆ ಎಂದು ಅದಕ್ಕೆ ಮುದ್ರೆ ಬೀಳುತ್ತದೆ. ಅದಕ್ಕೇ ನನ್ನನ್ನು ಹುಡುಕಿ ಬಂದಿದ್ದಾಳೆ ಎಂದುಕೊಂಡೆ. ಒಪ್ಪಿದ್ದೂ ಅದೇ ಕಾರಣಕ್ಕೆ. ಸುಳ್ಳು ಹೊಲಿಯುವುದಿದ್ದರೆ ನನ್ನ ಕಣ್ಣೆದುರಿಗೇ ಹೊಲಿಯಲಿ ಎಂದು.

ಅವಳ ವಿಧಾನ ಹೀಗಿತ್ತು. ಕಥೆ ಹೇಳುವವರು ಒಬ್ಬೊಬ್ಬರಾಗಿ ಒಂದೇ ಕುರ್ಚಿಯಲ್ಲಿ ಕೂರಬೇಕು. ಕೈಯಲ್ಲಿ ಹಸಿರು ಟವೆಲ್ಲು. ಯಾರೂ ಪ್ರಶ್ನೆ ಕೇಳುವುದಿಲ್ಲ, ಕ್ಯಾಮೆರಾ ಅಲುಗುವುದಿಲ್ಲ. ಕೊನೆಗೆ ಅವರು ಅಣ್ಣ ಸುತ್ತಿಕೊಂಡಿದ್ದ ಟವೆಲ್ಲಿನ ಬಣ್ಣ ಹೇಳಬೇಕು. ಅವರು ಹೇಳಿದ ಬಣ್ಣವನ್ನು ನಾನು ಅವರ ಕೈಯಲ್ಲಿರುವ ಟವೆಲ್ಲಿಗೆ ಹಚ್ಚಬೇಕು. ಚಿತ್ರಕ್ಕೆ ಸದ್ದು ಕೂಡಿಸಲೆಂದು ಶುರುವಿನಲ್ಲಿ ಹಲಗೆ ಬಡಿದು ಕ್ಲ್ಯಾಪ್ ಹೊಡೆಯುವುದನ್ನೂ ಅವಳು ಬಿಟ್ಟಳು. ಆ ಸದ್ದಿಗೆ ಹಳ್ಳಿಯ ಜನ ಬೆಚ್ಚಿ ಭಾಷಣದ ದನಿಗೆ ಹೋಗುತ್ತಾರೆ ಎಂದಳು.

ಕಂಪನಿಯ ಮ್ಯಾನೇಜರ್ ಗೋದಾಮಿನ ಅಂಗಳದಲ್ಲಿ ಕುಳಿತು ಹೇಳಿದ. ಟವೆಲ್ಲನ್ನು ಎರಡೇ ಬೆರಳಿನಲ್ಲಿ ಹಿಡಿದಿದ್ದ. "ನಾವೆಲ್ಲಾ ಬ್ಯಾಡ ಬ್ಯಾಡ ಅಂದಿವಿ. ಯಾರ ಮಾತೂ ಕೇಳಲಿಲ್ಲ. ಅಂವ ಸ್ವತಃ ಹೋದ. ನೀಲಿ ಟವೆಲ್. ನಮ್ಮ ಕಂಪನೀದ." ಗೇಟಿನ ವಾಚ್‌ಮನ್ ಕೆಂಪು ಎಂದ. ಗೋದಾಮಿನಲ್ಲಿ ಗಂಟು ಹೊರುವ ಹನ್ನೂರಿನ ಹಮಾಲ ಬಿಳಿ ಎಂದ. ಅವನು ಮಾತಿನುದ್ದಕ್ಕೂ ಕ್ಯಾಮೆರಾ ಬಿಟ್ಟು ನನ್ನನ್ನೇ ನೋಡಿದ. ಕುರ್ಚಿಯಿಂದ ಎದ್ದ ಮೇಲೆ ಟವೆಲ್ಲನ್ನು ನೀಟಾಗಿ ಮಡಚಿ ಕುರ್ಚಿಯ ಮೇಲಿಟ್ಟು, ಚಹಾ ಕುಡಿಯದೆ ಹೋದ.

ವಾಗದರಿಯಲ್ಲಿ ನಿವೃತ್ತ ಹೆಡ್‌ಮಾಸ್ತರರು ಟೋಪಿ ಸರಿಮಾಡಿಕೊಂಡು ಕೇಸರಿ ಎಂದರು. ಬೆಂಕಿ ಬಿದ್ದ ದಿನ ಅವರು ಪಂಢರಪುರದಲ್ಲಿದ್ದರು. ವೈನಿ, ಎಂದರೆ ಅಣ್ಣನ ಹೆಂಡತಿ, ಬಣ್ಣ ಗೊತ್ತಿಲ್ಲ ಎಂದಷ್ಟೇ ಹೇಳಿ ಎದ್ದಳು. ಕೊನೆಗೆ ಅವ್ವ ಕುಳಿತಳು.

"ಏನವಾ, ಟವೆಲ್ ಕೊಟ್ಟ ಕುಂಡರಸ್ತಿ, ಮಂದಿ ಮುಂದ ಜಳಕಕ್ಕ ಹೊಂಟಂಗ ಆಗೇತಿ ನನಗ," ಎಂದು ನಿರ್ದೇಶಕಿಯನ್ನು ಛೇಡಿಸಿದಳು. ವೈನಿ ಕೂಡ ಸೆರಗು ಬಾಯಿಗಿಟ್ಟು ನಕ್ಕಳು. ಆಮೇಲೆ ಅವ್ವ ತಾನಾಗಿಯೇ ಶುರು ಮಾಡಿದಳು. "ನನ್ನ ಮಗ ನೀರ ಕುಡದಾನ. ಹೊಟ್ಟಿ ತುಂಬ ಕುಡದಾನ. ಗೇಟಿನ ನಳದಾಗ. ಆಮ್ಯಾಲ ಒಳಗ ಹೋಗ್ಯಾನ." ಬಣ್ಣ ಹಸಿರು ಎಂದಳು. ನನಗೆ ಕೆಲಸ ಕಡಿಮೆಯಾಯಿತು ಎಂದು ನಿರ್ದೇಶಕಿ ಪಿಸುಗುಟ್ಟಿದಳು. ನನಗೆ ನಗು ಬರಲಿಲ್ಲ.

ಎಡಿಟಿಂಗ್ ಶುರುವಾದ ಮೇಲೆ ನಿರ್ದೇಶಕಿ ದಿನಾ ಬೆಳಿಗ್ಗೆ ಬರುತ್ತಿದ್ದಳು. ಬಣ್ಣಗಳು ಬದಲಾಗುವುದನ್ನು ನೋಡಿ ಅವಳಿಗೆ ಖುಷಿ. ಕಣ್ಣಿಗೆ ಕಾಣದ ಶೂರ, ಕೈಯಿಂದ ಕೈಗೆ ಬಣ್ಣ ಬದಲಿಸುವ ಟವೆಲ್ಲು, ಇದೇ ನನ್ನ ಸಿನಿಮಾ ಎನ್ನುತ್ತಿದ್ದಳು. ನಾನು ಅದನ್ನು ಬೇರೆ ರೀತಿ ಕೇಳುತ್ತಿದ್ದೆ. ಒಂದೇ ವಾಕ್ಯವನ್ನು ಹತ್ತಾರು ಸಲ ಹಿಂದೆ ಮುಂದೆ ಓಡಿಸಿದರೆ ಅರ್ಥ ಸವೆದು ಹೋಗಿ ಉಸಿರು, ತಡವರಿಕೆ, ಬಾಯಿಪಾಠ ಮಾಡಿದ ಭಾಗ ಇವಷ್ಟೇ ಕೇಳತೊಡಗುತ್ತವೆ. ಮ್ಯಾನೇಜರ್, ವಾಚ್‌ಮನ್, ಹಮಾಲ ಮೂವರೂ 'ಸ್ವತಃ ಹೋದ' ಎಂದಿದ್ದರು. ಮೂವರೂ ಅದಕ್ಕೆ ಮೊದಲು ಸ್ವಲ್ಪ ನಿಂತಿದ್ದರು.

"ಈ 'ಸ್ವತಃ' ಎಲ್ಲಿಂದ ಬಂತ್ರಿ?" ಎಂದು ಕೇಳಿದೆ.

"ಕಥಿ ಅಂದ್ರ ಹಂಗ ದಾದಾ. ಬಾಯಿಂದ ಬಾಯಿಗೆ ಹೊಕ್ಕೈತಿ."

"ಬಾಯಿಂದ ಬಾಯಿಗೆ ಹೋದ್ರ ಬದಲಾಗಬೇಕು. ಬಣ್ಣ ಬದಲಾತು. ಈ ಮಾತ ಯಾಕ ಬದಲಾಗಲಿಲ್ಲ?"

ಅಷ್ಟರಲ್ಲಿ ಅವಳ ತಂದೆಯ ಅಂಗಡಿಯಿಂದ ಫೋನ್ ಬಂತು, ಹೊರಗೆ ಹೋಗಿ ಮಾತಾಡಿದಳು. ಅದನ್ನೂ ನಾನು ಲೆಕ್ಕದಲ್ಲಿಟ್ಟೆ.

ಆ ಒಂದು ಮಾತಿನಲ್ಲಿ ಏನಿದೆ ಎಂದು ಓದುವವರಿಗೆ ಹೇಳಬೇಕು. ಗೋದಾಮಿಗೆ ಹಿಂದೆಯೂ ಒಂದು ಶಟರ್ ಇತ್ತು. ಟವೆಲ್ಲು ಕಳುವಾಗುತ್ತವೆ ಎಂದು ಊಟದ ಹೊತ್ತಿನಲ್ಲಿ ಅದಕ್ಕೆ ಹೊರಗಿನಿಂದ ಕೀಲಿ ಹಾಕುತ್ತಾರೆ ಎಂದು ಅಣ್ಣನೇ ಒಮ್ಮೆ ಮನೆಯಲ್ಲಿ ಗೊಣಗಿದ್ದ. ಅಣ್ಣ ಹೊರಗೆ ಬಂದು ತಾನಾಗಿ ಮತ್ತೆ ಒಳಗೆ ಹೋಗಿದ್ದರೆ ಆ ಶಟರಿನ ಮಾತೇ ಬರುವುದಿಲ್ಲ. ಸಾವು ಅವನದೇ ಆಯ್ಕೆ. ವಿಚಾರಣೆ ಅಲ್ಲಿಗೆ ಮುಗಿಯುತ್ತದೆ. ಅವನು ಹೊರಗೆ ಬಂದೇ ಇಲ್ಲವಾದರೆ?

ಸಿನಿಮಾದ ನಡುವೆ ಹೊಗೆ ಬೇಕೆಂದು ನಿರ್ದೇಶಕಿ ಕೆಲಸಗಾರರ ಫೋನುಗಳಿಂದ ಆ ದಿನದ ವಿಡಿಯೋಗಳನ್ನು ಸಂಗ್ರಹಿಸಿದಳು. ಐದು ತುಣುಕು ಸಿಕ್ಕವು. ಅವಳಿಗೆ ಬೇಕಾದದ್ದು ಬರೀ ಹೊಗೆ. ನಿಧಾನ ಮಾಡಿ, ಹಿಗ್ಗಿಸಿ, ಏನೆಂದು ಗುರುತು ಸಿಗದ ಹಾಗೆ ಮಸುಕು ಮಾಡಬೇಕು, ಸದ್ದು ತೆಗೆದುಬಿಡಬೇಕು ಎಂದಿದ್ದಳು. ಒಂದು ವಾರ ಅವನ್ನು ತೆರೆಯಲಿಲ್ಲ. ತೆರೆದ ದಿನ, ಹೊಗೆಯನ್ನು ಮಸುಕು ಮಾಡುವ ಬದಲು, ಕೈ ತಾನೇ ಮದುವೆಯ ಕೆಲಸಕ್ಕೆ ಹೋಯಿತು.

ಮದುವೆಯಲ್ಲಿ ನಮಗೆ ಎರಡು ಮೂರು ಕ್ಯಾಮೆರಾ, ಮೇಲೆ ಬೀಗರ ಫೋನುಗಳು. ಯಾರೂ ಕ್ಲ್ಯಾಪ್ ಹೊಡೆಯುವುದಿಲ್ಲ. ನಮ್ಮ ಕಡೆ ಎಡಿಟಿಂಗ್ ಮಾಡುವವರೆಲ್ಲ ಅಕ್ಷತೆಯ ಸದ್ದನ್ನು ಹಿಡಿಯುತ್ತಾರೆ. ಮಂಗಲಾಷ್ಟಕ ಮುಗಿದು ಕೊನೆಯ 'ಸಾವಧಾನ' ಎಂದ ಕೂಡಲೇ ಬ್ಯಾಂಡಿನವರು ಒಮ್ಮೆಲೇ ಹೊಡೆಯುತ್ತಾರಲ್ಲ, ಆ ಮೊದಲ ಏಟು ಎಲ್ಲ ಕ್ಯಾಮೆರಾಗಳಲ್ಲೂ ಚೂಪಾಗಿ ಎದ್ದು ಕಾಣುತ್ತದೆ. ಆ ಏಟಿಗೆ ಏಟು ಕೂಡಿಸಿದರೆ ಇಡೀ ಮಂಟಪ ಒಂದೇ ಕಾಲದಲ್ಲಿ ನಿಲ್ಲುತ್ತದೆ. ಯಾರು ಯಾವಾಗ ಎಲ್ಲಿದ್ದರು ಎಂಬುದು ತಪ್ಪುವುದಿಲ್ಲ. ಅಕ್ಷತೆ ಬೀಳುವಾಗ ನಾನು ಅಲ್ಲೇ ನಿಂತಿದ್ದೆ ಎಂದು ಸುಳ್ಳು ಹೇಳುವ ಸೋದರಮಾವಂದಿರನ್ನು ನಾನು ಎಷ್ಟೋ ಸಲ ಹಿಡಿದಿದ್ದೇನೆ.

ಬೆಂಕಿಯ ದಿನವೂ ಅಂಥದೊಂದು ಸದ್ದು ಇತ್ತು. ಗೇಟಿನ ಪಕ್ಕದ ಡಿ.ಪಿ., ಎಂದರೆ ವಿದ್ಯುತ್ ಪೆಟ್ಟಿಗೆ, ಸಿಡಿದ ಸದ್ದು. ಐದೂ ತುಣುಕುಗಳಲ್ಲಿ ಅದು ಮೊಳೆಯ ಹಾಗೆ ಎದ್ದಿತ್ತು.

ಆದರೂ ಮೊದಲ ಸಲ ಕೂಡಲಿಲ್ಲ. ಫೋನಿನ ವಿಡಿಯೋ ಒಂದೇ ವೇಗದಲ್ಲಿ ಓಡುವುದಿಲ್ಲ, ಬೆಳಕು ಕಡಿಮೆಯಾದರೆ ಅದರ ಫ್ರೇಮುಗಳೂ ಕಡಿಮೆಯಾಗುತ್ತವೆ. ಸದ್ದು ಕೂಡಿಸಿದರೂ ಸ್ವಲ್ಪ ಮುಂದೆ ಹೋದಂತೆ ಚಿತ್ರ ಜಾರುತ್ತಿತ್ತು. ಎಲ್ಲವನ್ನೂ ಒಂದೇ ವೇಗಕ್ಕೆ ತಂದು ಮತ್ತೆ ಕೂಡಿಸಿದೆ. ಒಂದು ಫೋನು ರಸ್ತೆಯ ಆಚೆ ಇತ್ತು, ಅದರಲ್ಲಿ ಡಿ.ಪಿ.ಯ ಬೆಳಕು ಮೊದಲು, ಸದ್ದು ಆಮೇಲೆ. ಅದನ್ನು ಸದ್ದಿಗಲ್ಲ, ಬೆಳಕಿಗೆ ಕೂಡಿಸಬೇಕಾಯಿತು. ಇಷ್ಟಾದ ಮೇಲೆ ಒಂದರ ಕೊನೆ ಇನ್ನೊಂದರ ನಡುವೆ ಬಂದು ಕುಳಿತಿತು. ಮೊದಲ ಹೊಗೆಯಿಂದ ಅಗ್ನಿಶಾಮಕ ಗಾಡಿ ಬರುವ ತನಕ ಗೇಟು ಒಂದು ಕ್ಷಣವೂ ಮರೆಯಾಗಲಿಲ್ಲ. ನಲ್ಲಿಯೂ ಗೇಟಿನ ಬಲಕ್ಕೆ ಕಾಣುತ್ತಿತ್ತು.

ನಾನು ಒಬ್ಬೊಬ್ಬರನ್ನೇ ನೋಡಿದೆ. ಕೆಮ್ಮುತ್ತ ಬಂದವರು, ಚಪ್ಪಲಿ ಬಿಟ್ಟು ಓಡಿದವರು, ಫೋನು ಹಿಡಿದು ಹಿಂದಕ್ಕೆ ನಡೆದವರು. ಮ್ಯಾನೇಜರ್ ಇದ್ದ. ಹನ್ನೂರಿನ ಹಮಾಲ ಇದ್ದ, ನೆಲದ ಮೇಲೆ ಕೂತಿದ್ದ. ನಲ್ಲಿಯ ಹತ್ತಿರ ಯಾರೂ ಹೋಗಲಿಲ್ಲ. ಅಣ್ಣ ಎಡಗಾಲು ಸ್ವಲ್ಪ ಎಳೆದು ನಡೆಯುತ್ತಿದ್ದ, ಎಂಥ ಹೊಗೆಯಲ್ಲೂ ನನಗೆ ಗುರುತು ಸಿಗುತ್ತಿತ್ತು. ಅವನು ಹೊರಗೆ ಬರಲಿಲ್ಲ. ಟವೆಲ್ಲು ಯಾವ ಬಣ್ಣದ್ದೂ ಆಗಿರಲಿಲ್ಲ.

ಆ ಐದರಲ್ಲಿ ಒಂದು ತುಣುಕು ಗೋದಾಮಿನ ಪಕ್ಕದ ಗೋಡೆಯ ಹತ್ತಿರದ್ದು. ಅದರಲ್ಲಿ ಹೊಗೆಯೇ ಜಾಸ್ತಿ. ಕೆಳಗಿನ ಗಿರಣಿಯ ಗುಂಯ್ಗುಡಿತದಲ್ಲಿ ಅದರ ಸದ್ದು ನನಗೆ ಸರಿಯಾಗಿ ಕೇಳುತ್ತಿರಲಿಲ್ಲ. ಮಧ್ಯಾಹ್ನ ಗಿರಣಿ ನಿಲ್ಲುವ ತನಕ ಕಾದು ಹೆಡ್‌ಫೋನ್ ಹಾಕಿಕೊಂಡೆ. ಜನರ ಕೂಗಿನ ಕೆಳಗೆ, ದೂರದಲ್ಲಿ, ತಗಡು ಬಡಿಯುವ ಸದ್ದು. ಧಡ ಧಡ ಧಡ. ಸ್ವಲ್ಪ ನಿಲ್ಲುವುದು. ಮತ್ತೆ. ಆಮೇಲೆ ನಿಲ್ಲುವ ಹೊತ್ತು ಉದ್ದವಾಗುತ್ತ ಹೋಯಿತು. ಆಮೇಲೆ ಬರಲಿಲ್ಲ.

ಗಾಳಿಗೂ ಶಟರ್ ಬಡಿಯುತ್ತದೆ, ನಾಳೆ ಮ್ಯಾನೇಜರ್ ಹಾಗೇ ಹೇಳುತ್ತಾನೆ ಎಂದು ನನಗೆ ಗೊತ್ತಿತ್ತು. ನನ್ನ ಕಿವಿಯ ಮೇಲೂ ನನಗೆ ನಂಬಿಕೆ ಇರಲಿಲ್ಲ. ಕೇಳಬೇಕೆಂದು ಕುಳಿತವನಿಗೆ ಬೇಕಾದದ್ದು ಕೇಳುತ್ತದೆ. ಮರುದಿನ ನಿರ್ದೇಶಕಿಗೆ ಎಲ್ಲವನ್ನೂ ತೋರಿಸಿದೆ. ತೋರಿಸಬಾರದಿತ್ತೇನೋ ಎಂಬ ಹೆದರಿಕೆಯಲ್ಲಿ ಮೊದಲೇ ಒಂದು ಪ್ರತಿಯನ್ನು ಬೇರೆ ಕಡೆ ಇಟ್ಟಿದ್ದೆ. ಅವಳು ಆ ಸದ್ದನ್ನು ಎರಡು ಸಲ ಹಾಕಿಸಿ ಕೇಳಿದಳು. ಆಮೇಲೆ, "ನಮ್ಮ ಗೋಡೌನಿಗೂ ಅಂಥಾದ ಶಟರ್ ಐತಿ. ಬಡದ ನೋಡೂಣ," ಎಂದಳು.

ಅಂಗಡಿ ತೆರೆಯುವ ಮೊದಲು ಹೋದೆವು. ಅವಳು ಒಳಗೆ ನಿಂತು ಶಟರ್ ಇಳಿಸಿಕೊಂಡು ಕೈಯಿಂದ ಬಡಿದಳು. ನಾನು ಹೊರಗೆ, ಮೂಲೆಯ ಆಚೆ, ಫೋನಿನಲ್ಲಿ ಹಿಡಿದೆ. ಆಮೇಲೆ ಗಾಳಿ ಹೊಡೆದ ಹಾಗೆ ಹೊರಗಿನಿಂದ ಅಲುಗಿಸಿ ಹಿಡಿದೆ. ಗಾಳಿಯ ಸದ್ದು ಉದ್ದಕ್ಕೆ ನಡುಗುತ್ತದೆ. ಕೈಯ ಸದ್ದು ಗಿಡ್ಡ, ಒಂದೊಂದಕ್ಕೂ ತಲೆ ಇರುತ್ತದೆ. ಪರದೆಯ ಮೇಲೆ ಇಟ್ಟರೆ ಚಿಕ್ಕ ಮಗುವೂ ಬೇರೆ ಮಾಡಬಹುದು. ಶಟರ್ ಎತ್ತಿ ಹೊರಗೆ ಬಂದಾಗ ಅವಳ ಅಂಗೈ ಕೆಂಪಾಗಿತ್ತು. "ಒಳಗ ಭಾಳ ಕತ್ತಲಿ ಐತಿ ದಾದಾ," ಎಂದಳು. ಅಷ್ಟರಲ್ಲಿ ಅವಳ ತಂದೆ ಬಂದರು.

"ಏನ ನಡದೈತಿ ಇದು?"

"ಪಿಚ್ಚರಿಗೆ ಆವಾಜ್ ಬೇಕಾಗಿತ್ತು ಪಪ್ಪಾ."

ಅವರು ನನ್ನನ್ನೂ ಶಟರನ್ನೂ ನೋಡಿದರು. "ಆವಾಜ್ ಹಿಡೀರಿ. ಆದರ ಆ ಕಂಪನಿ ಜೋಡಿ ನಮ್ಮ ವ್ಯವಹಾರ ಐತಿ. ಅದೂ ನೆನಪ ಇರಲಿ."

ಅವಳು ತಲೆಯಾಡಿಸಿದಳು. ಯಾವುದಕ್ಕೆ ಎಂದು ನನಗೆ ತಿಳಿಯಲಿಲ್ಲ.

ಈಗ ಉಳಿದದ್ದು ಒಂದೇ. ಆ ಕಥೆಯನ್ನು ಕಟ್ಟಿದವರು ಯಾರು? ಮ್ಯಾನೇಜರ್ ಎಂದು ನನಗೆ ಖಾತ್ರಿ ಇತ್ತು. ಅಣ್ಣ ನೀರು ಕುಡಿದದ್ದನ್ನು ಕಣ್ಣಾರೆ ಕಂಡೆ ಎಂದು ಹೇಳಿದವನು ಹನ್ನೂರಿನ ಹಮಾಲನೊಬ್ಬನೇ. ನೀರಿನ ಮಾತನ್ನು ಉಳಿದವರೆಲ್ಲ ಕೇಳಿ ಹೇಳಿದವರು. ಹಮಾಲನಿಗೆ ಯಾರು ಕಲಿಸಿದರು ಎಂದು ಬಾಯಿ ಬಿಡಿಸಬೇಕಿತ್ತು. ಫೋನ್ ಮಾಡಿದೆ. ಎಂಐಡಿಸಿಯಲ್ಲಿ ಬೇಡ, ಹನ್ನೂರಿನಲ್ಲೂ ಬೇಡ, ರಜೆಯ ದಿನ ಅಕ್ಕಲಕೋಟಕ್ಕೆ ಬರುತ್ತೇನೆ ಎಂದ.

ಬಸ್ ನಿಲ್ದಾಣದ ಹಿಂದಿನ ಖಾನಾವಳಿಯಲ್ಲಿ ಕುಳಿತೆವು. ದೇವಸ್ಥಾನಕ್ಕೆ ಬಂದ ಜನ, ಗದ್ದಲ. ನಿರ್ದೇಶಕಿ ಕ್ಯಾಮೆರಾ ಚೀಲವನ್ನು ತೊಡೆಯ ಮೇಲೆ ಇಟ್ಟುಕೊಂಡಿದ್ದಳು. ನಾನು ಫೋನಿನಲ್ಲಿ ಗೇಟಿನ ವಿಡಿಯೋ ತೋರಿಸಿದೆ. ಅವನು ತನ್ನನ್ನೇ ನೆಲದ ಮೇಲೆ ಕೂತದ್ದನ್ನು ನೋಡಿ ಫೋನನ್ನು ಬೋರಲು ಇಟ್ಟ.

"ನಿಮಗ ಗೊತ್ತಾಗೇತಿ ಅಂದಮ್ಯಾಲ ಏನ ಮುಚ್ಚೂದ್ರಿ ಅಣ್ಣಾರ. ನಿಮ್ಮ ಅಣ್ಣ ಸಾಹೇಬ್ರು ಹೊರಗ ಬರಲಿಲ್ಲ. ನಮಗೆಲ್ಲಾ ಮುಂದ ಓಡ್ರಿ ಅಂದ್ರು. ನಮ್ಮ ಹಿಂದನ ಅದಾರ ಅಂತ ತಿಳಕೊಂಡಿದ್ದೆ ನಾ. ತಿರುಗಿ ನೋಡಿದ್ರ ಬರೇ ಹೊಗಿ."

"ಮತ್ತ ನೀರ ಕುಡದ, ಟವೆಲ್ ಸುತಗೊಂಡ, ಇದೆಲ್ಲಾ ಯಾರ ಕಲಿಸಿದ್ರು ತಮ್ಮಾ? ಮ್ಯಾನೇಜರೇನು?"

"ಇಲ್ರಿ. ನಾನ ಹೇಳಿದ್ದು."

"ಯಾರಿಗೆ?"

"ನಿಮ್ಮ ಅವ್ವಗ."

ಅವನು ಮೇಜಿನ ಮೇಲಿನ ಉಪ್ಪಿನ ಡಬ್ಬಿಯನ್ನು ಅತ್ತಿತ್ತ ಸರಿಸುತ್ತ ಹೇಳಿದ.

"ಮಣ್ಣ ಆದ ದಿನ ನಾ ನಿಮ್ಮ ಮನಿಗೆ ಬಂದಿದ್ನಲ್ಲ. ಅವ್ವ ನನ್ನ ಎರಡೂ ಕೈ ಹಿಡಕೊಂಡಳ್ರಿ. ಬ್ಯಾರೇ ಏನೂ ಕೇಳಲಿಲ್ಲ. 'ನೀ ಜೋಡಿ ಇದ್ದಿಯಂತ. ನನ್ನ ಮಗನ ಬಾಯಾಗ ನೀರ ಬಿತ್ತೇನಪಾ?' ಅಂದಳು. ನಾ ಏನ ಹೇಳಲ್ರಿ? ಬಿತ್ತವ್ವಾ ಅಂದೆ. ನಳದಾಗ ಕುಡದ್ರು ಅಂದೆ. ಆಮ್ಯಾಲ ನನಗ ತಿಳೀತು, ನಳ ಹೊರಗ ಐತಿ. ಹೊರಗ ಬಂದು ನೀರ ಕುಡದಂವ ಒಳಗ ಹೆಂಗ ಸತ್ತ? ಅದಕ್ಕ, ಒಳಗ ಉಳದವರನ್ನ ಹುಡುಕಾಕ ಮತ್ತ ಹೋದ್ರು ಅಂದೆ. ಬರಿಗೈಲೆ ಹೋದ್ರಂದ್ರ ನಂಬೂದಿಲ್ಲ ಅಂತ ಟವೆಲ್ ಸುತ್ತಿದೆ."

ನಮ್ಮ ಕಡೆ ಸಾಯುವವರ ಬಾಯಿಗೆ ತಮ್ಮವರ ಕೈಯಿಂದ ಒಂದು ಚಮಚೆ ನೀರು ಬಿಡಬೇಕು. ನೀರು ಬೀಳದೆ ಹೋದ ಜೀವ ನೀರಡಿಸಿಕೊಂಡೇ ತಿರುಗುತ್ತದೆ ಎಂದು ಹಳಬರು ನಂಬುತ್ತಾರೆ. ಅಣ್ಣನ ದೇಹವನ್ನು ಆಸ್ಪತ್ರೆಯಿಂದ ಸುತ್ತಿಯೇ ಕೊಟ್ಟಿದ್ದರು, ಮುಖ ಬಿಚ್ಚಬೇಡಿ ಎಂದಿದ್ದರು. ಅವ್ವ ತಂಬಿಗೆ ಹಿಡಿದು ನಿಂತೇ ಇದ್ದಳು, ನೀರು ಬಿಡಲು ಬಾಯಿ ಇರಲಿಲ್ಲ. ನಾನು ಅದನ್ನು ನೋಡಿದ್ದೆ. ಆದರೆ ಆಮೇಲೆ ಅವಳು ಯಾರ ಕೈ ಹಿಡಿದು ಏನು ಕೇಳಿದಳು ಎಂಬುದನ್ನು ನೋಡಿರಲಿಲ್ಲ. ತಿಂಗಳುಗಟ್ಟಲೆ ನಾನು ಕಂಪನಿಯ ಕಚೇರಿಯಲ್ಲಿ ಹುಡುಕುತ್ತಿದ್ದ ಸುಳ್ಳು ನಮ್ಮ ಅಂಗಳದಲ್ಲೇ, ಅವ್ವನ ಒಂದು ಪ್ರಶ್ನೆಗೆ ಉತ್ತರವಾಗಿ ಹುಟ್ಟಿತ್ತು.

"ಮ್ಯಾನೇಜರಿಗೆ ಹೆಂಗ ಗೊತ್ತಾತು?" ನಿರ್ದೇಶಕಿ ಕೇಳಿದಳು.

"ಊರಾಗೆಲ್ಲಾ ಆಗಿತ್ತಲ್ರಿ ಮಾತು. ಕರದು ಕೇಳಿದ್ರು. ಇದನ್ನ ತಪಾಸಣಿ ಸಾಹೇಬ್ರ ಮುಂದನೂ ಹೇಳು ಅಂದ್ರು. 'ಸ್ವತಃ ಹೋದ' ಅನ್ನೂದ ಮಾತ್ರ ಅವರದು. ನಾ ನೀರಿನ ಸಲುವಾಗಿ ಹೇಳಿದ್ದು, ಅವರಿಗೆ ಶಟರಿನ ಕೀಲಿ ಮಾತ ಮುಚ್ಚಾಕ ಬಂತು." ಅವನು ಮೊದಲ ಸಲ ತಲೆಯೆತ್ತಿದ. "ತಪಾಸಣಿ ಸಾಹೇಬ್ರ ಮುಂದ ಖರೇ ಹೇಳಿದ್ರ ನನ್ನ ಕೆಲಸ ಹೊಕ್ಕೈತಿ. ಹೋಗಲಿ, ಅಕ್ಕಲಕೋಟ ಮಾರ್ಕೆಟ್ಟಿನಾಗ ಚೀಲಾ ಹೊರತೀನಿ. ಆದರ ಅವ್ವಗ ನೀವ ಮೊದಲ ಹೇಳಬೇಕು. ಆಕಿ ಹೂಂ ಅಂದ್ರ ನಾ ಬರತೀನಿ. ಇಲ್ಲಂದ್ರ ನನ್ನ ಕರೀಬ್ಯಾಡ್ರಿ. ಆಕಿಗೆ ಕುಡಿಸಿದ ನೀರ ನಾ ಹೊಳ್ಳಿ ಇಸಗೊಳ್ಳಂಗಿಲ್ಲ."

ನಿರ್ದೇಶಕಿಯ ಕೈ ಚೀಲದ ಜಿಪ್ಪಿನ ಮೇಲೆ ಇತ್ತು. ಅವನು ಕೈ ತೊಳೆಯಲು ಎದ್ದಾಗ ನನ್ನ ಕಡೆ ಬಾಗಿದಳು.

"ದಾದಾ, ಇದನ್ನ ಈಗನ ಹಿಡೀಬೇಕು. ಇದ ನನ್ನ ಪಿಚ್ಚರಿನ ಕಡೀ ಸೀನು."

"ನಿಮಗ ಸೀನು. ನಮ್ಮ ಮನಿಗೆ ಇದು ಸುದ್ದಿ. ಸುದ್ದಿ ಮೊದಲ ಮನಿಗೆ ಹೋಗಬೇಕು."

"ನಾಳೆ ಅಂವ ಮಾತ ತಿರುಗಿಸಿದ್ರ?"

"ತಿರುಗಿಸಲಿ. ಅವ್ವಗ ಗೊತ್ತಾಗದಂಗ ಇದ ಪರದೆ ಮ್ಯಾಲ ಬರೂದಿಲ್ಲ. ಬಂದ್ರ ನನ್ನ ಹೆಸರು ಅದರಾಗ ಇರೂದಿಲ್ಲ, ಆ ವಿಡಿಯೋನೂ ಇರೂದಿಲ್ಲ."

ಅವಳು ಜಿಪ್ಪು ತೆರೆಯಲಿಲ್ಲ. ವಾಗದರಿಗೆ ತಾನೂ ಬರುತ್ತೇನೆ ಎನ್ನಲೂ ಇಲ್ಲ. ಸೊಲ್ಲಾಪುರದ ಬಸ್ಸು ಹತ್ತಿ ಹೋದಳು. ಅವಳ ಮೇಲಿನ ನನ್ನ ಅನುಮಾನ ಅಂದು ಪೂರ್ತಿ ಹೋಯಿತು ಎಂದರೆ ಸುಳ್ಳಾಗುತ್ತದೆ. ಅಪ್ಪನ ವ್ಯವಹಾರ ಗೆಲ್ಲುತ್ತದೋ ಅವಳ ಕೆಂಪಾದ ಅಂಗೈ ಗೆಲ್ಲುತ್ತದೋ, ನನಗೆ ಇನ್ನೂ ಗೊತ್ತಿರಲಿಲ್ಲ.

ಆ ವಾರ ಕೋಣೆಯಲ್ಲಿ ಕೂತು ಇನ್ನೊಂದು ದಾರಿಯನ್ನೂ ಯೋಚಿಸಿದೆ. ಅದು ಸುಲಭವಿತ್ತು. ನಿರ್ದೇಶಕಿ ಮೊದಲು ಹೇಳಿದ ಹಾಗೆ ಹೊಗೆಯನ್ನು ಮಸುಕು ಮಾಡಿ, ಸದ್ದು ತೆಗೆದು, ಬಣ್ಣ ಬಣ್ಣದ ಟವೆಲ್ಲುಗಳ ನಡುವೆ ಹರಿಬಿಟ್ಟರೆ ಸಿನಿಮಾ ಚೆನ್ನಾಗಿಯೇ ಆಗುತ್ತಿತ್ತು. ಅವ್ವ ನಿದ್ದೆ ಮಾಡುತ್ತಿದ್ದಳು. ಊಟ ಮಾಡುತ್ತಿದ್ದಳು. ಮಗನ ಮಾತು ಬಂದಾಗ ಬೆನ್ನು ನೆಟ್ಟಗೆ ಮಾಡಿ ಕೂರುತ್ತಿದ್ದಳು. ಅವಳ ಬಾಯಿಂದ ಆ ನೀರನ್ನು ಕಿತ್ತುಕೊಂಡು ನಾನು ಅಣ್ಣನಿಗೆ ಏನು ತಂದುಕೊಡುತ್ತೇನೆ ಎಂದು ಕೇಳಿಕೊಂಡೆ. ಆದರೆ ಆ ಸದ್ದನ್ನು ಅಳಿಸಲು ಪ್ರತಿ ಸಲ ಗುರುತು ಹಾಕಿದಾಗಲೂ ಕೈ ಮುಂದೆ ಹೋಗಲಿಲ್ಲ. ಯಾರಾದರೂ ಕೇಳಲಿ ಎಂದೇ ಬಡಿದ ಸದ್ದು ಅದು. ಅಂದು ಯಾರೂ ಕೇಳಿಸಿಕೊಳ್ಳಲಿಲ್ಲ. ಈಗ ಕೇಳಿಸಿಕೊಂಡ ಮೇಲೂ ಅಳಿಸಿದರೆ ಕೀಲಿ ಹಾಕಿದವರಿಗೂ ನನಗೂ ಏನು ವ್ಯತ್ಯಾಸ?

ವಾಗದರಿಗೆ ಹೋದೆ. ಹಗಲು ಹೊತ್ತು, ವೈನಿ ಪಡಸಾಲೆಯಲ್ಲಿ ತೊಗರಿ ಆರಿಸುತ್ತಿದ್ದಳು, ಅವ್ವ ಗೋಡೆಗೆ ಒರಗಿ ಕೂತಿದ್ದಳು. ಸುತ್ತು ಬಳಸಿ ಹೇಳಲು ನನಗೆ ಬರುವುದಿಲ್ಲ. ಅಣ್ಣ ಹೊರಗೆ ಬಂದಿರಲಿಲ್ಲ ಎಂದೆ. ನೀರಿನ ಮಾತು ಹನ್ನೂರಿನವನು ಅವಳ ಸಲುವಾಗಿ ಆಡಿದ್ದು ಎಂದೆ. ಹಿಂದಿನ ಶಟರಿಗೆ ಕೀಲಿ ಇತ್ತು ಎಂದೆ. ವೈನಿಯ ಕೈ ಮೊರದಲ್ಲೇ ನಿಂತಿತು.

ಅವ್ವ ಅಳಲಿಲ್ಲ. "ನಿನಗ ಯಾರ ಹೇಳಿದ್ರು?" ಎಂದಳು.

"ವಿಡಿಯೋದಾಗ ಐತಿ ಅವ್ವಾ. ಒಳಗಿಂದ ಬಡದ ಸದ್ದೂ ಐತಿ."

"ಕೇಳಸು."

"ಬ್ಯಾಡ."

"ಅಂವ ಬಡದಾನಂದ್ರ ಯಾರಾದರೂ ಕೇಳಬೇಕಿಲ್ಲೇನು? ಕೇಳಸು."

ನಾನೇ ಹೆಡ್‌ಫೋನನ್ನು ಅವಳ ಸೆರಗಿನ ಮೇಲಿನಿಂದ ಕಿವಿಗೆ ಇಟ್ಟೆ. ಅವಳು ಕಣ್ಣು ತೆರೆದೇ ಕೇಳಿದಳು. ಎಲ್ಲಿಯವರೆಗೆ ಬಂತು ಎಂದು ನನಗೆ ಅವಳ ಮುಖದಿಂದ ತಿಳಿಯಲಿಲ್ಲ. ಮುಗಿದ ಮೇಲೂ ತೆಗೆಯಲಿಲ್ಲ, ಮತ್ತೆ ಬರುತ್ತದೇನೋ ಎನ್ನುವ ಹಾಗೆ ಕೂತಿದ್ದಳು.

"ಹೊರಗ ಮಂದಿ ಇದ್ರೇನು ಆವಾಗ?"

"ಇದ್ರು. ಎಲ್ಲಾರೂ ಮುಂದ ಇದ್ರು."

"ಕೀಲಿ ಯಾರ ಹಂತೇಲಿ ಇತ್ತು?"

"ಮ್ಯಾನೇಜರ್ ಹಂತೇಲಿ ಅಂತಾರ."

ಅವ್ವ ಹೆಡ್‌ಫೋನ್ ತೆಗೆದು ನನ್ನ ಕೈಗೆ ಕೊಟ್ಟಳು. ವೈನಿಯ ಕಡೆ ತಿರುಗಿದಳು. "ಆ ಹನ್ನೂರ ಹುಡುಗಗ ಫೋನ್ ಹಚ್ಚು."

ವೈನಿ ಹಚ್ಚಿದಳು, ಜೋರಾಗಿ ಕೇಳುವ ಹಾಗೆ ಇಟ್ಟಳು. ಆ ಕಡೆಯಿಂದ ಅವನ ದನಿ ಬಂತು. ಯಾರು ಎಂದು ತಿಳಿದ ಕೂಡಲೇ "ತಪ್ಪಾತವ್ವಾ" ಎಂದ.

"ಹೆದರಬ್ಯಾಡೋ ಯಪ್ಪಾ," ಅವ್ವ ಅಂದಳು. "ನೀ ನನಗ ಹೇಳಿದ್ದ ನನ್ನ ಹಂತೇಲಿ ಇರಲಿ. ನಾ ಕೇಳಿನಿ, ನೀ ಕೊಟ್ಟಿ. ತಪಾಸಣಿಯವರ ಮುಂದ ಖರೇ ಹೇಳು."

ಆಮೇಲೆ, "ನಾಳಿಗೆ ಸೊಲ್ಲಾಪುರಕ್ಕ ಹೊಕ್ಕೀನವ್ವಾ," ಎಂದ.

ಫೋನ್ ಇಟ್ಟ ಮೇಲೆ ಅವ್ವ ನನ್ನನ್ನು ಕೇಳಿದಳು. "ಆ ಹುಡುಗಿ ನನ್ನ ಕಡಿಂದ ಮಾತಾಡಿಸಿದ್ದು ಏನ ಮಾಡಾಂವಿದ್ದಿ?"

"ತಗದಬಿಡತೀನಿ. ನಿನ್ನ ಚ್ಯಾಷ್ಟಿ ಮಾಡಿದಂಗ ಆಗಬಾರದು."

"ತಗೀಬ್ಯಾಡ. ನಾ ಆಡಿದ ಮಾತು, ಇರಲಿ. ಅದರ ಹಿಂದ ಈ ಬಡದ ಸದ್ದ ಹಚ್ಚು."

ಹಾಗೆಯೇ ಹಚ್ಚಿದೆ.